ಚೆಸ್ ಬೋರ್ಡ್ ಕೊಟ್ಟು ಫೋಟೊ ತೆಗೆಸಿಕೊಂಡವರೇ, ನಾಳೆ ಯಾರು ಬರ್ತಾರೆ ಹೇಳಿ

ಹೋದ ವರ್ಷ ನಮ್ಮ ಕಡೆಯ ಒಂದು ಸರ್ಕಾರಿ ಶಾಲೆಗೆ ಹತ್ತು ಚೆಸ್ ಬೋರ್ಡ್ ಬಂದವು. ಅಂಗಳದಲ್ಲಿ ಶಾಮಿಯಾನ ಹಾಕಿದ್ದರು. ದಾನಿಗಳಿಗೆ ಶಾಲು, ಹಾರ, ಹಣ್ಣಿನ ಬುಟ್ಟಿ. ಬೋರ್ಡಿನ ದುಡ್ಡಿಗಿಂತ ಶಾಮಿಯಾನ, ಬ್ಯಾನರ್, ಊಟದ ಖರ್ಚೇ ಜಾಸ್ತಿ ಇದ್ದ ಹಾಗಿತ್ತು. ಭಾಷಣ ಮಾಡಿದವರು, "ನಿಮ್ಮಲ್ಲೇ ಒಬ್ಬ ವಿಶ್ವನಾಥನ್ ಆನಂದ್ ಕೂತಿದ್ದಾನೆ" ಅಂದರು. ಬಿಸಿಲಲ್ಲಿ ಒಂದೂವರೆ ಗಂಟೆ ಕೂತಿದ್ದ ಮಕ್ಕಳು ಚಪ್ಪಾಳೆ ಹೊಡೆದರು. ನಾನೂ ಅಲ್ಲಿದ್ದೆ. ಫೋಟೊ ತೆಗೆದೆ, ಸುದ್ದಿ ಬರೆದೆ.

ಆರು ತಿಂಗಳಾದ ಮೇಲೆ ಬೇರೆ ಕೆಲಸಕ್ಕೆ ಅದೇ ಶಾಲೆಗೆ ಹೋಗಿದ್ದೆ. "ಚೆಸ್ ಹೇಗೆ ನಡೀತಿದೆ ಟೀಚರ್?" ಅಂದೆ. ಅವರು ಮಾತಾಡದೆ ಬೀರು ತೆಗೆದರು. ಹತ್ತರಲ್ಲಿ ಎಂಟು ಬೋರ್ಡಿನ ಪ್ಲಾಸ್ಟಿಕ್ ಕವರ್ ಬಿಚ್ಚಿರಲಿಲ್ಲ. "ಆಡಿಸೋರು ಯಾರಪ್ಪಾ? ನಮಗೇ ಬರಲ್ಲ. ಐದು ಕ್ಲಾಸಿಗೆ ಇಬ್ಬರೇ ಇದ್ದೀವಿ" ಅಂದರು.

ಟೀಚರ್ ಮೇಲೆ ನನಗೆ ಸಿಟ್ಟು ಬರಲಿಲ್ಲ. ಸಿಟ್ಟು ಬಂದದ್ದು ನಾನು ಬರೆದ ಸುದ್ದಿಯ ಮೇಲೆ. "ಗ್ರಾಮೀಣ ಮಕ್ಕಳ ಪ್ರತಿಭೆಗೆ ವೇದಿಕೆ" ಅಂತ ತಲೆಬರಹ ಕೊಟ್ಟಿದ್ದೆ. ಆ ವೇದಿಕೆಗೆ ಬೀರುವಿನೊಳಗೆ ಬೀಗ ಬಿದ್ದಿತ್ತು.

ಅವತ್ತಿನಿಂದ ತಲೆಯಲ್ಲಿ ಉಳಿದಿದ್ದನ್ನು ಇಲ್ಲಿ ನೇರವಾಗಿ ಹೇಳುತ್ತೇನೆ. ಬಡ ಮಕ್ಕಳನ್ನು ಮೇಲಕ್ಕೆ ಎತ್ತುವುದು ಚೆಸ್ ಬೋರ್ಡ್ ಅಲ್ಲ. ದಿನಾ ಬಂದು ಆ ಬೋರ್ಡ್ ಬಿಚ್ಚುವ ಮನುಷ್ಯ. ನಾವು ಬೋರ್ಡಿಗೆ ದುಡ್ಡು ಹಾಕುತ್ತೇವೆ, ಗೆದ್ದ ಮಗುವಿಗೆ ಹಾರ ಹಾಕುತ್ತೇವೆ, ಆ ಮನುಷ್ಯನಿಗೆ ಮಾತ್ರ ಏನೂ ಕೊಡುವುದಿಲ್ಲ. ಇದು ಬದಲಾಗಬೇಕು.

ಗಂಜಿಯಿಂದ ಶುರುವಾದ ಆಟ

ಈ ಮಾತಿಗೆ ನನಗೆ ಗೊತ್ತಿರುವ ದೊಡ್ಡ ಸಾಕ್ಷಿ ಆಫ್ರಿಕಾದ ಉಗಾಂಡ ದೇಶದ್ದು. ಅಲ್ಲಿನ ರಾಜಧಾನಿ ಕಂಪಾಲಾದಲ್ಲಿ ಕಟ್ವೆ ಅಂತ ಒಂದು ದೊಡ್ಡ ಕೊಳೆಗೇರಿ ಇದೆ. ತಗ್ಗು ಜಾಗ. ಜೋರು ಮಳೆ ಬಂದರೆ ಚರಂಡಿ ನೀರು ಮನೆಯೊಳಗೆ ಬರುತ್ತದೆ.

ಅಲ್ಲಿಗೆ ರಾಬರ್ಟ್ ಕಟೆಂಡೆ ಎನ್ನುವ ಯುವಕ ಬಂದರು. ಚಿಕ್ಕಂದಿನಲ್ಲೇ ತಾಯಿಯನ್ನು ಕಳೆದುಕೊಂಡವರು, ಬಡತನ ಉಂಡು ಬೆಳೆದವರು, ಫುಟ್‌ಬಾಲ್ ಆಟಗಾರ. ಒಂದು ಕ್ರೈಸ್ತ ಸೇವಾ ಸಂಸ್ಥೆಯ ಪರವಾಗಿ ಕೊಳೆಗೇರಿ ಮಕ್ಕಳಿಗೆ ಫುಟ್‌ಬಾಲ್ ಕಲಿಸುತ್ತಿದ್ದರು. ಕೆಲವು ಮಕ್ಕಳು ಮೈದಾನಕ್ಕೆ ಇಳಿಯದೆ ಬದಿಯಲ್ಲೇ ನಿಂತಿರುವುದನ್ನು ಅವರು ಗಮನಿಸಿದರು. ಅವರಿಗೂ ಏನಾದರೂ ಬೇಕಲ್ಲ ಅಂತ 2004ರಲ್ಲಿ ಚೆಸ್ ಶುರು ಮಾಡಿದರು.

ಆ ಜನ ಆಡುವ ಲುಗಾಂಡ ಭಾಷೆಯಲ್ಲಿ ಚೆಸ್‌ಗೆ ಒಂದು ಪದವೂ ಇರಲಿಲ್ಲ. ನಮ್ಮನ್ನು ನೋಡಿ. ನಮ್ಮಲ್ಲಿ ಚದುರಂಗ ಅನ್ನುವ ಪದ ಇದೆ. ಕುದುರೆ ನಡೆಯ ಮೇಲೆ ಸಮಸ್ಯೆಗಳನ್ನು ಕಟ್ಟಿದ ಮುಮ್ಮಡಿ ಕೃಷ್ಣರಾಜ ಒಡೆಯರ್ ಇದ್ದರು. ಎಷ್ಟೋ ಊರುಗಳ ಕಟ್ಟೆ ಕಲ್ಲಿನ ಮೇಲೆ ಹುಲಿ-ಕುರಿ ಆಟದ ಗೆರೆ ಈಗಲೂ ಇದೆ. ಆದರೂ ಬೋರ್ಡ್ ಬೀರುವಿನಲ್ಲಿದೆ.

ಕಟ್ವೆಯಲ್ಲಿ ಮಕ್ಕಳು ಚೆಸ್‌ಗೆ ಅಂತ ಬರಲಿಲ್ಲ. ಆಟ ಆಡಿದರೆ ಒಂದು ಬಟ್ಟಲು ಗಂಜಿ ಸಿಗುತ್ತಿತ್ತು, ಅದಕ್ಕೆ ಬಂದರು. ಫಿಯೋನಾ ಮುಟೇಸಿ ಎನ್ನುವ ಹುಡುಗಿಯೂ ಬಂದದ್ದು ಹಾಗೆಯೇ. ಆಗ ಅವಳಿಗೆ ಒಂಬತ್ತು ವರ್ಷದ ಆಸುಪಾಸು. ಮೂರು ವರ್ಷದವಳಿದ್ದಾಗಲೇ ಅಪ್ಪ ಏಡ್ಸ್‌ನಿಂದ ತೀರಿಕೊಂಡಿದ್ದರು. ತಾಯಿ ಸಂತೆಯಲ್ಲಿ ತರಕಾರಿ ಮಾರುತ್ತಿದ್ದರು. ಬಾಡಿಗೆ ಕಟ್ಟಲಾಗದೆ ಆ ಮನೆಯವರು ಮನೆಯಿಂದ ಮನೆಗೆ ಅಲೆದವರು. ಫೀಸು ಕಟ್ಟಲಾಗದೆ ಫಿಯೋನಾ ಶಾಲೆ ಬಿಟ್ಟು, ಬೇಯಿಸಿದ ಜೋಳದ ತೆನೆ ಮಾರುತ್ತಿದ್ದಳು. ಒಂದು ದಿನ ಅಣ್ಣ ಎಲ್ಲಿಗೋ ಹೋಗುವುದನ್ನು ನೋಡಿ ಹಿಂದೆಯೇ ಹೋದಳು.

ಮೊದಲ ದಿನವೇ ಅಲ್ಲಿನ ಮಕ್ಕಳು ಅವಳನ್ನು ಕೊಳಕಿ ಅಂತ ಹಂಗಿಸಿದರು. ಆದರೂ ಮರುದಿನ ಬಂದಳು. ಅವಳಿಗೆ ಕಾಯಿ ನಡೆಸುವುದನ್ನು ಕಲಿಸಲು ಕಟೆಂಡೆ ಒಬ್ಬಳು ಪುಟ್ಟ ಹುಡುಗಿಯನ್ನು ಕೂರಿಸಿದರು. ಹೆಸರು ಗ್ಲೋರಿಯಾ, ವಯಸ್ಸು ನಾಲ್ಕು!

ಮುಂದಿನದು ನಿಮಗೂ ಗೊತ್ತಿರಬಹುದು. 2009ರಲ್ಲಿ ಮೂರು ಮಕ್ಕಳ ತಂಡದ ಜೊತೆ ಫಿಯೋನಾ ಸುಡಾನಿನಲ್ಲಿ ನಡೆದ ಮಕ್ಕಳ ಪಂದ್ಯಕ್ಕೆ ಹೋದಳು. ತಂಡ ಗೆದ್ದು ಬಂತು. 2010ರಲ್ಲಿ ರಷ್ಯಾದ ಖಾಂಟಿ ಮಾನ್ಸಿಸ್ಕ್‌ನಲ್ಲಿ ಚೆಸ್ ಒಲಿಂಪಿಯಾಡ್ ಆಡಿದಳು. 2012ರಲ್ಲಿ ಇಸ್ತಾಂಬುಲ್ ಒಲಿಂಪಿಯಾಡ್‌ನಲ್ಲಿ ವುಮನ್ ಕ್ಯಾಂಡಿಡೇಟ್ ಮಾಸ್ಟರ್ ಬಿರುದು ಸಿಕ್ಕಿತು. ಅದೇ ವರ್ಷ ಅವಳ ಬಗ್ಗೆ ಪುಸ್ತಕ ಬಂತು. 2016ರಲ್ಲಿ ನಮ್ಮ ದೇಶದಲ್ಲೇ ಹುಟ್ಟಿದ ಮೀರಾ ನಾಯರ್ 'ಕ್ವೀನ್ ಆಫ್ ಕಟ್ವೆ' ಅಂತ ಸಿನಿಮಾ ಮಾಡಿದರು. ಜಗತ್ತು ಕಣ್ಣೀರು ಹಾಕಿ ನೋಡಿತು.

ನಾವು ಪದೇ ಪದೇ ಬರೆಯುವ ಸುಳ್ಳು

ಈ ಕಥೆ ಹೇಳಿದ ಮೇಲೆ ನಮ್ಮಂಥ ಪತ್ರಕರ್ತರು ಕೊನೆಗೆ ಒಂದು ಸಾಲು ಸೇರಿಸುತ್ತೇವೆ: "ಪ್ರತಿಭೆ ಎಲ್ಲಿದ್ದರೂ ಹೊಳೆಯುತ್ತದೆ." ಇದು ಶುದ್ಧ ಸುಳ್ಳು. ಕಟೆಂಡೆ ಆ ದಿನ ಅಲ್ಲಿ ಇರದಿದ್ದರೆ, ಗಂಜಿ ಪಾತ್ರೆ ಒಲೆಯ ಮೇಲೆ ಇರದಿದ್ದರೆ, ಅಣ್ಣ ಬೇರೆ ಬೀದಿಗೆ ಹೋಗಿದ್ದರೆ, ಫಿಯೋನಾಳ ಪ್ರತಿಭೆ ಜೋಳದ ತೆನೆ ಮಾರುತ್ತಲೇ ಮುಗಿಯುತ್ತಿತ್ತು. ಕಟ್ವೆಯಲ್ಲಿ ಹಾಗೆ ಮುಗಿದವರು ಎಷ್ಟು ಮಂದಿಯೋ. ಅವರ ಬಗ್ಗೆ ಯಾರೂ ಸಿನಿಮಾ ಮಾಡುವುದಿಲ್ಲ.

ಈ ಸುಳ್ಳು ಯಾಕೆ ಅಪಾಯ ಗೊತ್ತಾ? ಪ್ರತಿಭೆ ತಾನಾಗಿ ಹೊಳೆಯುವುದಾದರೆ ನಾವು ಯಾರೂ ಏನೂ ಮಾಡಬೇಕಿಲ್ಲ. ಹೊಳೆಯದ ಮಗುವಿನಲ್ಲಿ ಪ್ರತಿಭೆಯೇ ಇಲ್ಲ ಅಂತ ಕೈತೊಳೆದುಕೊಳ್ಳಬಹುದು. ಸರ್ಕಾರಕ್ಕೂ ಸಲೀಸು, ಊರ ದೊಡ್ಡವರಿಗೂ ಸಲೀಸು, ಸುದ್ದಿ ಬರೆಯುವ ನಮಗೂ ಸಲೀಸು.

ಇನ್ನೊಂದು ವಿಷಯ ನೋಡಿ. ಫಿಯೋನಾಗೆ ಸಿಕ್ಕ ಬಿರುದು ವಿಶ್ವ ಚೆಸ್ ಸಂಸ್ಥೆ ಮಹಿಳೆಯರಿಗೆ ಅಂತಲೇ ಕೊಡುವ ನಾಲ್ಕು ಬಿರುದುಗಳಲ್ಲಿ ಮೊದಲನೇ ಮೆಟ್ಟಿಲಿನದು. ಅವಳು ಗ್ರ್ಯಾಂಡ್‌ಮಾಸ್ಟರ್ ಆಗಲಿಲ್ಲ, ವಿಶ್ವ ಚಾಂಪಿಯನ್ನೂ ಆಗಲಿಲ್ಲ. ಹಾಗಾದರೆ ಕಟೆಂಡೆ ಸೋತರೇ?

ಇಲ್ಲ. ಫಿಯೋನಾ ಮತ್ತೆ ಶಾಲೆಗೆ ಹೋದಳು. ಆಮೇಲೆ ಅಮೆರಿಕದ ನಾರ್ತ್‌ವೆಸ್ಟ್ ವಿಶ್ವವಿದ್ಯಾಲಯಕ್ಕೆ ಓದಲು ಹೋದಳು. ಸುಡಾನಿಗೆ ಅವಳ ಜೊತೆ ಹೋಗಿದ್ದ ಬೆಂಜಮಿನ್ ಮುಕುಂಬ್ಯಾ ಎನ್ನುವ ಹುಡುಗನೂ ಅದೇ ವಿಶ್ವವಿದ್ಯಾಲಯ ಸೇರಿದ. ಕಪ್ಪು ಬಿಳುಪು ಚೌಕದ ಮೇಲೆ ಅವರು ಗೆದ್ದದ್ದಕ್ಕಿಂತ ಅದರ ಹೊರಗೆ ಗೆದ್ದದ್ದು ದೊಡ್ಡದು. ಕೋಚ್ ಕೆಲಸವನ್ನು ಅಳೆಯಬೇಕಾದದ್ದು ಅದರಿಂದ. ನಾವೋ, ಎಷ್ಟು ಕಪ್ ತಂದಿರಿ ಅಂತ ಕೇಳುತ್ತೇವೆ.

ಚಾಂಪಿಯನ್ ಆಗಲು ಏನು ಬೇಕು ಅಂತಲೂ ಸ್ವಲ್ಪ ಯೋಚಿಸಿ. 2024ರ ಡಿಸೆಂಬರ್‌ನಲ್ಲಿ 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದ ನಮ್ಮ ಗುಕೇಶ್ ಬಗ್ಗೆ ಹೆಮ್ಮೆ ಯಾರಿಗಿಲ್ಲ? ಆದರೆ ಅವರ ತಂದೆ ಕಿವಿ-ಮೂಗು-ಗಂಟಲು ವೈದ್ಯರು. ಮಗನ ಜೊತೆ ದೇಶದೇಶ ಸುತ್ತಲು ವೃತ್ತಿಯನ್ನೇ ಬದಿಗಿಟ್ಟರು. ಮನೆಯಲ್ಲಿ ತಾಯಿಯ ಸಂಪಾದನೆ ಇತ್ತು. ಕೂಲಿ ಮಾಡುವ ಅಪ್ಪ ಒಂದು ದಿನ ಕೆಲಸ ಬಿಟ್ಟರೆ ಆ ರಾತ್ರಿ ಒಲೆ ಉರಿಯುವುದಿಲ್ಲ. ಅಂಥ ಮನೆಯ ಮಗುವಿನ ಮುಂದೆ ನಿಂತು "ನೀನೂ ಗುಕೇಶ್ ಆಗು" ಅನ್ನುವುದು ಲಾಟರಿ ಟಿಕೆಟ್ ಮಾರಿದ ಹಾಗೆ. ಒಂದು ಲಕ್ಷ ಮಕ್ಕಳಲ್ಲಿ ಒಬ್ಬರಿಗೆ ಹೊಡೆಯಬಹುದು. ಉಳಿದವರಿಗೆ ಏನು ಅಂತ ಯಾರೂ ಹೇಳುವುದಿಲ್ಲ.

ಚೆಸ್ ಆಡಿದರೆ ಲೆಕ್ಕ ಬರುತ್ತದಾ?

ಚೆಸ್ ಕ್ಲಾಸು ನಡೆಸುವವರು ಕೊಡುವ ಪಾಂಪ್ಲೆಟ್ ನೋಡಿದ್ದೀರಾ? "ಬುದ್ಧಿ ಚುರುಕಾಗುತ್ತದೆ, ಗಣಿತದಲ್ಲಿ ಅಂಕ ಏರುತ್ತದೆ" ಅಂತಿರುತ್ತದೆ. ಈಗ ಪಟ್ಟಣದಲ್ಲಿ ಅಷ್ಟೇ ಅಲ್ಲ, ಹೋಬಳಿ ಮಟ್ಟಕ್ಕೂ ಬಂದಿದೆ.

ಇಂಗ್ಲೆಂಡಿನಲ್ಲಿ ಇದನ್ನು ದೊಡ್ಡ ಪ್ರಮಾಣದಲ್ಲೇ ಪರೀಕ್ಷೆ ಮಾಡಿದರು. 100 ಶಾಲೆಗಳನ್ನು ತೆಗೆದುಕೊಂಡು, ಅವುಗಳಲ್ಲಿ ಕೆಲವು ಶಾಲೆಗಳ ಒಂಬತ್ತು-ಹತ್ತು ವರ್ಷದ ಮಕ್ಕಳಿಗೆ ಒಂದು ವರ್ಷ ಚೆಸ್ ಕಲಿಸಿದರು, ಉಳಿದ ಶಾಲೆಗಳಲ್ಲಿ ಕಲಿಸಲಿಲ್ಲ. ಇನ್ನೂ ಒಂದು ವರ್ಷ ಬಿಟ್ಟು ಗಣಿತದ ಅಂಕ ನೋಡಿದರು. 2016ರಲ್ಲಿ ವರದಿ ಬಂತು. ಚೆಸ್ ಕಲಿತವರಿಗೂ ಕಲಿಯದವರಿಗೂ ಹೇಳಿಕೊಳ್ಳುವಂಥ ವ್ಯತ್ಯಾಸವೇ ಇರಲಿಲ್ಲ.

ಇದನ್ನು ಕೇಳಿ "ಹಾಗಾದರೆ ಚೆಸ್ ದಂಡ" ಅನ್ನಬೇಡಿ. ಸುಳ್ಳು ಕಾರಣ ಕೊಟ್ಟು ಒಳ್ಳೆಯ ಕೆಲಸ ಶುರು ಮಾಡಿದರೆ, ಸುಳ್ಳು ಬಯಲಾದ ದಿನ ಒಳ್ಳೆಯ ಕೆಲಸವೂ ನಿಂತುಹೋಗುತ್ತದೆ. ಅಂಕ ಏರಲಿಲ್ಲ ಅಂತ ಬೋರ್ಡನ್ನು ಮತ್ತೆ ಬೀರುವಿಗೆ ಹಾಕುತ್ತಾರೆ. ಅದಕ್ಕೇ ನಿಜವಾದ ಕಾರಣ ಹೇಳಬೇಕು.

ಆ ಒಂದು ಗಂಟೆಯಲ್ಲಿ ಮಗು ಒಬ್ಬ ದೊಡ್ಡವರ ಎದುರು ಕೂರುತ್ತದೆ. ಅವರು ಬೈಯುವುದಿಲ್ಲ, ಹೊಡೆಯುವುದಿಲ್ಲ, "ಯಾಕೆ ಹೀಗೆ ನಡೆಸಿದೆ?" ಅಂತ ಕೇಳುತ್ತಾರೆ. ಉತ್ತರ ಬರುವವರೆಗೆ ಕಾಯುತ್ತಾರೆ. ನಮ್ಮ ಎಷ್ಟು ಮಕ್ಕಳನ್ನು ದಿನದಲ್ಲಿ ಒಂದು ಸಲವಾದರೂ ಯಾರಾದರೂ ಹಾಗೆ ಕೇಳುತ್ತಾರೆ ಹೇಳಿ? ಸೋತರೆ ಜಗಳ ಆಡದೆ ಕೈಕುಲುಕಿ, ಕಾಯಿ ಮತ್ತೆ ಜೋಡಿಸಿ ಕೂರಬೇಕು. ಹುಡುಗಿ ಹುಡುಗನನ್ನು ಸೋಲಿಸಿದರೆ ಅವನು ಒಪ್ಪಲೇಬೇಕು. ಮೇಲಿನ ಕೇರಿ ಮಗುವಿನ ಎದುರು ಕೆಳಗಿನ ಕೇರಿ ಮಗು ಒಂದೇ ಮಣೆಗೆ ಕೂರುತ್ತದೆ. ಅಲ್ಲಿ ಎಲ್ಲರಿಗೂ ಹದಿನಾರೇ ಕಾಯಿ.

ಇಷ್ಟಕ್ಕೆ ಚೆಸ್ಸೇ ಆಗಬೇಕು ಅಂತಿಲ್ಲ. ಕಬಡ್ಡಿ ಆಗಬಹುದು, ಹಾಡು ಆಗಬಹುದು. ಚೆಸ್‌ಗೆ ಇರುವ ಅನುಕೂಲ ಅಂದರೆ ಮೈದಾನ ಬೇಡ, ಶೂ ಬೇಡ, ಮಳೆ ಬಂದರೂ ಜಗಲಿಯಲ್ಲಿ ಆಡಬಹುದು. ಒಂದು ಸಲ ತಂದ ಬೋರ್ಡ್ ಹತ್ತು ವರ್ಷ ಬಾಳುತ್ತದೆ. ಬಾಳಬೇಕಾದದ್ದು ಕಲಿಸುವವರು.

"ಹೊಟ್ಟೆಗೆ ಹಿಟ್ಟಿಲ್ಲ, ಜುಟ್ಟಿಗೆ ಮಲ್ಲಿಗೆ"

ಇನ್ನೊಂದು ಕಡೆಯಿಂದ ಬರುವ ಮಾತಿಗೂ ಉತ್ತರ ಕೊಡಬೇಕು. ನಮ್ಮೂರಿನ ಒಬ್ಬ ಹಿರಿಯರು ಈ ಗಾದೆಯನ್ನೇ ನನ್ನ ಮುಖಕ್ಕೆ ಹೊಡೆದ ಹಾಗೆ ಹೇಳಿದರು. "ಕೂಲಿಯವರ ಮಕ್ಕಳಿಗೆ ಚೆಸ್ ಯಾಕಯ್ಯಾ? ಮೊದಲು ಊಟ, ಬಟ್ಟೆ, ಓದು. ಆಮೇಲೆ ಆಟ."

ಮಾತು ನ್ಯಾಯವಾಗಿ ಕೇಳಿಸುತ್ತದೆ. ಆದರೆ ಒಂದು ಪ್ರಶ್ನೆ. ಅವರ ಮೊಮ್ಮಕ್ಕಳು ಬೆಂಗಳೂರಿನಲ್ಲಿ ಚೆಸ್ ಕ್ಲಾಸಿಗೂ ಹೋಗುತ್ತಾರೆ, ಈಜು ಕ್ಲಾಸಿಗೂ ಹೋಗುತ್ತಾರೆ. ಅಲ್ಲಿ ಅದು ಬೆಳವಣಿಗೆ, ಇಲ್ಲಿ ಮಾತ್ರ ಜುಟ್ಟಿನ ಮಲ್ಲಿಗೆ. ಹಾಗಾದರೆ ಬಡವರ ಮಗುವಿಗೆ ಹೊಟ್ಟೆ ಮಾತ್ರ ಇದೆ, ತಲೆ ಇಲ್ಲ ಅಂತಲೇ ಲೆಕ್ಕ?

ಇನ್ನೂ ಮುಖ್ಯವಾದ ಉತ್ತರ ಕಟ್ವೆಯಲ್ಲೇ ಇದೆ. ಕಟೆಂಡೆ ಹೊಟ್ಟೆಯನ್ನೂ ಆಟವನ್ನೂ ಬೇರೆ ಮಾಡಲೇ ಇಲ್ಲ. ಗಂಜಿಯೂ ಅಲ್ಲೇ, ಬೋರ್ಡೂ ಅಲ್ಲೇ. ಬರೀ ಗಂಜಿ ಕೊಟ್ಟಿದ್ದರೆ ಮಕ್ಕಳು ಉಂಡು ಹೋಗುತ್ತಿದ್ದರು. ಬರೀ ಬೋರ್ಡ್ ಇಟ್ಟಿದ್ದರೆ ಬರುತ್ತಲೇ ಇರಲಿಲ್ಲ. ಇದು ನಮಗೆ ಹೊಸದೇನಲ್ಲ. 2002ರಲ್ಲಿ ಈಶಾನ್ಯ ಕರ್ನಾಟಕದ ಜಿಲ್ಲೆಗಳಲ್ಲಿ ಅಕ್ಷರ ದಾಸೋಹ ಶುರುವಾದಾಗಲೂ "ಶಾಲೆ ಇರೋದು ಊಟಕ್ಕಾ, ಓದಕ್ಕಾ?" ಅಂತ ನಕ್ಕವರಿದ್ದರು. ಇವತ್ತು ಬಿಸಿಯೂಟ ಇಲ್ಲದ ಸರ್ಕಾರಿ ಶಾಲೆಯನ್ನು ಯಾರಾದರೂ ಊಹಿಸಿಕೊಳ್ಳಲಿ ನೋಡೋಣ.

60 ಗಂಟೆ ನಿದ್ದೆಗೆಟ್ಟ ಕೋಚ್

ಇಲ್ಲಿ ಕೋಚ್ ಅನ್ನುವ ಮನುಷ್ಯನ ಕಷ್ಟಕ್ಕೆ ಬರೋಣ. ನೈಜೀರಿಯಾದ ಲಾಗೋಸ್ ನಗರದಲ್ಲಿ ಟುಂಡೆ ಒನಕೋಯ ಅಂತ ಒಬ್ಬರಿದ್ದಾರೆ. ಬಡ ಬಡಾವಣೆಯ ಒಂದು ಕ್ಷೌರದಂಗಡಿಯಲ್ಲಿ ಚೆಸ್ ಕಲಿತವರು. ಅವರ ಫೀಸಿಗೆ ಬದಲಾಗಿ ತಾಯಿ ಶಾಲೆಯಲ್ಲಿ ಕಸ ಗುಡಿಸಿದರು. 2018ರಲ್ಲಿ ಅವರು ಕೊಳೆಗೇರಿ ಮಕ್ಕಳಿಗೆ ಚೆಸ್ ಕಲಿಸುವ ಸಂಸ್ಥೆ ಕಟ್ಟಿದರು.

2024ರ ಏಪ್ರಿಲ್‌ನಲ್ಲಿ ಅವರು ನ್ಯೂಯಾರ್ಕಿನ ಟೈಮ್ಸ್ ಸ್ಕ್ವೇರ್‌ನಲ್ಲಿ ಕೂತು 60 ಗಂಟೆ ಚೆಸ್ ಆಡಿದರು. ಯಾಕೆ? ಮಕ್ಕಳ ಓದಿಗೆ 10 ಲಕ್ಷ ಡಾಲರ್ ಎತ್ತಬೇಕಿತ್ತು. 2025ರಲ್ಲಿ ಮತ್ತೆ ಹೋಗಿ 64 ಗಂಟೆ ಆಡಿದರು.

ಎಲ್ಲರೂ "ವಾಹ್, ದಾಖಲೆ" ಅಂದರು. ನನಗೆ ಹೊಟ್ಟೆ ಉರಿಯಿತು. ಲಾಗೋಸ್‌ನ ಮಗುವಿಗೆ ಪುಸ್ತಕ ಸಿಗಬೇಕಾದರೆ ಅದರ ಕೋಚ್ ಸಾವಿರಾರು ಮೈಲಿ ದೂರ ಹೋಗಿ, ಬೀದಿಯಲ್ಲಿ ಎರಡೂವರೆ ದಿನ ನಿದ್ದೆಗೆಟ್ಟು ಸರ್ಕಸ್ ಮಾಡಬೇಕಾ? ಒನಕೋಯ ಮಾಡಿದ್ದು ತಪ್ಪು ಅಂತಲ್ಲ. ಅವರ ಮುಂದೆ ಬೇರೆ ದಾರಿ ಬಿಡದವರದ್ದು ತಪ್ಪು. ಕಟೆಂಡೆಯ ಗಂಜಿಗೂ ದುಡ್ಡು ಬಂದದ್ದು ವಿದೇಶಿ ಸೇವಾ ಸಂಸ್ಥೆಯಿಂದ, ಉಗಾಂಡದ ಖಜಾನೆಯಿಂದಲ್ಲ. ದಾನಿಗೆ ಮನಸ್ಸು ಬದಲಾದರೆ ಗಂಜಿ ನಿಲ್ಲುತ್ತದೆ. ಮಕ್ಕಳ ಹಕ್ಕು ಯಾರದೋ ಮನಸ್ಸಿನ ಮೇಲೆ ನಿಂತಿರಬಾರದು.

ನಮ್ಮಲ್ಲಿ ಜಾಗ ಇದೆ, ಬೋರ್ಡೂ ಇದೆ

ನಮ್ಮ ಪುಣ್ಯಕ್ಕೆ ನಾವು ಸೊನ್ನೆಯಿಂದ ಶುರು ಮಾಡಬೇಕಿಲ್ಲ. ಗ್ರಾಮ ಪಂಚಾಯಿತಿಗಳಲ್ಲಿ ಗ್ರಂಥಾಲಯ ಇದೆ, ಈಗ ಅರಿವು ಕೇಂದ್ರ ಅನ್ನುತ್ತೇವೆ. 2020ರಲ್ಲಿ 'ಓದುವ ಬೆಳಕು' ಶುರುವಾದ ಮೇಲೆ ಮಕ್ಕಳಿಗೆ ಸದಸ್ಯತ್ವ ಉಚಿತ. ಎಷ್ಟೋ ಕಡೆ ಚೆಸ್ ಬೋರ್ಡು, ಕೇರಂ ಬೋರ್ಡು ಬಂದಿವೆ. ಕೆಲವು ಊರುಗಳಲ್ಲಿ ಮೇಲ್ವಿಚಾರಕರೇ ಆಸಕ್ತಿಯಿಂದ ಮಕ್ಕಳನ್ನು ಕೂರಿಸಿ ಆಡಿಸುತ್ತಾರೆ. ಅಂಥವರಿಗೆ ಕೈಮುಗಿಯಬೇಕು. ಆದರೆ ಕೈಮುಗಿದರೆ ಅವರ ಮನೆ ನಡೆಯುವುದಿಲ್ಲ.

ಸಂಜೆ ನಾಲ್ಕೂವರೆಯಿಂದ ಆರು ಗಂಟೆವರೆಗೆ ಮಕ್ಕಳ ಜೊತೆ ಕೂರುವುದು ಒಂದು ಕೆಲಸ. ಕೆಲಸ ಅಂದಮೇಲೆ ಸಂಬಳ ಬೇಕು. "ಸೇವೆ ಅಂತ ಮಾಡಪ್ಪಾ" ಅನ್ನುವವರು ತಮ್ಮ ಮನೆಗೆ ಟೈಲ್ಸ್ ಹಾಕಿದವನಿಗೆ ಹಾಗೆ ಹೇಳುತ್ತಾರಾ? ಊರಲ್ಲಿ ಡಿಗ್ರಿ ಮುಗಿಸಿ ಕೂತಿರುವ ಹುಡುಗ ಹುಡುಗಿಯರಿದ್ದಾರೆ. ಗೌರವಧನ ಕೊಟ್ಟು ಕೂರಿಸಿದರೆ ಅವರಲ್ಲೂ ಕಟೆಂಡೆ ಹುಟ್ಟುತ್ತಾರೆ.

ಅದಕ್ಕೆ ಓದುಗರಲ್ಲಿ ಒಂದು ವಿನಂತಿ. ಮುಂದಿನ ಸಲ ನಿಮ್ಮೂರಿಗೆ ಯಾರಾದರೂ ಬೋರ್ಡ್ ಹೊತ್ತು ತಂದರೆ, ಹಾರ ಹಾಕುವ ಮೊದಲು ಮೂರು ಪ್ರಶ್ನೆ ಕೇಳಿ.

ಒಂದು: ನಾಳೆ ಸಂಜೆ ಇದನ್ನು ಬಿಚ್ಚಲು ಯಾರು ಬರುತ್ತಾರೆ, ಅವರಿಗೆ ಯಾರು ದುಡ್ಡು ಕೊಡುತ್ತಾರೆ?

ಎರಡು: ಶಾಲೆ ಬಿಟ್ಟ ಮೇಲೆ ಹಸಿದ ಮಕ್ಕಳಿಗೆ ತಿನ್ನಲು ಏನಿದೆ? ಒಂದು ಹಿಡಿ ಕಡಲೆಕಾಯಿ, ಒಂದು ಬಾಳೆಹಣ್ಣಾದರೂ ಸರಿ.

ಮೂರು: ಹೆಣ್ಣುಮಕ್ಕಳು ಕತ್ತಲಾಗುವ ಮೊದಲು ಮನೆ ಸೇರುವುದು ಹೇಗೆ? ಇದಕ್ಕೆ ಉತ್ತರ ಇಲ್ಲದಿದ್ದರೆ ಆ ಬೋರ್ಡ್ ಗಂಡುಮಕ್ಕಳದ್ದು ಮಾತ್ರ. ಫಿಯೋನಾ ಬಾಗಿಲಲ್ಲೇ ನಿಂತಿರುತ್ತಾಳೆ.

ಇದೇ ಪ್ರಶ್ನೆಗಳನ್ನು ಗ್ರಾಮಸಭೆಯಲ್ಲಿ ಎತ್ತಿ, ನಡವಳಿ ಪುಸ್ತಕದಲ್ಲಿ ಬರೆಸಿ. ಶಾಲೆಯ ಎಸ್‌ಡಿಎಂಸಿ ಸಭೆಯಲ್ಲೂ ಕೇಳಿ. "ದುಡ್ಡಿಲ್ಲ" ಅಂದರೆ, ಹೋದ ವರ್ಷ ಶಾಮಿಯಾನಕ್ಕೆ, ಶಾಲಿಗೆ, ಬ್ಯಾನರಿಗೆ ಎಷ್ಟಾಯಿತು ಅಂತ ಲೆಕ್ಕ ಕೇಳಿ.

ನನ್ನ ಮಟ್ಟಿಗೆ ಹೇಳುವುದಾದರೆ, ಆ ತಲೆಬರಹದ ತಪ್ಪು ನನ್ನದು. ಈಗ ಶನಿವಾರ ಶಾಲೆ ಬಿಟ್ಟ ಮೇಲೆ ಆ ಬೀರು ತೆಗೆಸುತ್ತಿದ್ದೇನೆ. ನನಗೆ ಬರುವುದು ಕಾಯಿ ನಡೆಸುವಷ್ಟೇ. "ನಮಗೇ ಬರಲ್ಲ" ಅನ್ನುವ ನೆಪ ನಾಲ್ಕು ವರ್ಷದ ಗ್ಲೋರಿಯಾಳ ಕಥೆ ಕೇಳಿದ ಮೇಲೆ ನನ್ನ ಬಾಯಿಂದ ಬರಲಿಲ್ಲ. ವಾರಕ್ಕೆ ಒಂದು ದಿನ ಸಾಲದು ಅಂತ ಗೊತ್ತು. ಉಳಿದ ಐದು ದಿನಕ್ಕೆ ಯಾರಿಗೆ, ಎಷ್ಟು ಕೊಡುತ್ತೀರಿ ಅಂತ ಕೇಳಿ ಪಂಚಾಯಿತಿಗೆ ಅರ್ಜಿ ಬರೆದಿದ್ದೇನೆ. ಟೀಚರೂ ಸಹಿ ಹಾಕಿದ್ದಾರೆ. ಹನ್ನೊಂದು ತಾಯಂದಿರು ಸಹಿ ಹಾಕಿದ್ದಾರೆ, ಮೂವರು ಹೆಬ್ಬೆಟ್ಟು ಒತ್ತಿದ್ದಾರೆ.

ಉತ್ತರ ಬಂದರೆ ಇಲ್ಲೇ ಬರೆಯುತ್ತೇನೆ. ಬರದಿದ್ದರೂ ಬರೆಯುತ್ತೇನೆ. ನಿಮ್ಮೂರಿನ ಬೋರ್ಡ್ ಬೀರುವಿನಲ್ಲಿದೆಯೋ, ಜಗಲಿಯಲ್ಲಿದೆಯೋ? ನೀವೂ ನೋಡಿ ತಿಳಿಸಿ.